ಸಹಾಯ ಬೇಕು: ಮುಟ್ಟಿ ನೋಡುವ ಪರ್ವತ ನಕ್ಷೆ

ಎಲ್ಲರಿಗೂ ನಮಸ್ಕಾರ. ನಾವಿರುವುದು ಬಸವನಗುಡಿಯಲ್ಲಿ. ನನ್ನ ಅಣ್ಣನ ಮಗಳಿಗೆ ಕಣ್ಣು ಕಾಣುವುದಿಲ್ಲ, ಆದರೆ ಪರ್ವತಗಳೆಂದರೆ ಪ್ರಾಣ. ಅವಳಿಗಾಗಿ 4 ಅಡಿ ಅಗಲದ ಪ್ಲೈವುಡ್ ಮೇಲೆ ಜೇಡಿಮಣ್ಣಿನಲ್ಲಿ ಪ್ರಪಂಚದ ನಕ್ಷೆ ಮಾಡುತ್ತಿದ್ದೇನೆ.

ಆಂಡಿಸ್ ಸುಲಭವಾಯಿತು. ದಕ್ಷಿಣ ಅಮೆರಿಕದ ಪಶ್ಚಿಮ ಅಂಚಿಗೆ ಸುಮಾರು 7,000 ಕಿ.ಮೀ. ಒಂದೇ ಗೆರೆ. ಯುರೋಪ್, ಏಷ್ಯಾ ನಡುವೆ ಉರಲ್ ಕೂಡ ಹಾಗೇ. ಕಷ್ಟ ಬಂದಿದ್ದು ಪಾಮೀರ್ ಹತ್ತಿರ. ಹಿಂದೂಕುಷ್, ಕಾರಾಕೋರಂ, ಹಿಮಾಲಯ ಎಲ್ಲ ಅಲ್ಲೇ ಒತ್ತೊತ್ತಾಗಿವೆ. ಬೆರಳಿಗೆ ಬೇರೆಬೇರೆಯಾಗಿ ತಿಳಿಯಬೇಕಲ್ವಾ?

ಎತ್ತರದ್ದೂ ತೊಂದರೆ. ಅಳತೆಗೆ ಸರಿಯಾಗಿ ಮಾಡಿದರೆ ಎವರೆಸ್ಟ್‌ನ 8,849 ಮೀಟರ್ ಅರ್ಧ ಮಿಲಿಮೀಟರ್ ಕೂಡ ಬರುವುದಿಲ್ಲ! ಎಷ್ಟು ಪಟ್ಟು ಜಾಸ್ತಿ ಮಾಡಲಿ?

ಇಂಥದ್ದು ಮಾಡಿದವರು ದಯವಿಟ್ಟು ತಿಳಿಸಿ. ಕನ್ನಡ ಬ್ರೈಲ್‌ನಲ್ಲಿ ಹೆಸರು ಬರೆದುಕೊಡುವವರು ಬೆಂಗಳೂರಲ್ಲಿದ್ದರೆ ನಾನೇ ಬಂದು ಬರೆಸಿಕೊಳ್ಳುತ್ತೇನೆ.