ಮಗ ಬೇಟೆಗೆ ಹೋಗ್ತೀನಿ ಅಂತಾನೆ, ಆ ಸೆಮಿ-ಆಟೋಮ್ಯಾಟಿಕ್ ರೈಫಲ್‌ಗೆ ಇಲ್ಲಿ ಅನುಮತಿ ಇದೆಯಾ?

ಮೆಕ್ಯಾನಿಕ್ಸ್‌ಬರ್ಗ್, ಪೆನ್ಸಿಲ್ವೇನಿಯಾ

ಎಲ್ಲರಿಗೂ ನಮಸ್ಕಾರ. ಪ್ರಶ್ನೆ ಸ್ವಲ್ಪ ವಿಚಿತ್ರ, ನಗಬೇಡಿ. ಮಗನಿಗೆ ಹನ್ನೆರಡು ತುಂಬಿದೆ. ಪಕ್ಕದ ಮನೆಯಲ್ಲಿರೋ ಅವನ ಕ್ಲಾಸಿನ ಗೆಳೆಯನ ಅಪ್ಪ ಥ್ಯಾಂಕ್ಸ್‌ಗಿವಿಂಗ್ ಮುಗಿದ ಮೇಲೆ ಇಬ್ಬರು ಹುಡುಗರನ್ನೂ ಜಿಂಕೆ ಬೇಟೆಗೆ ಕರ್ಕೊಂಡು ಹೋಗ್ತೀನಿ ಅಂದಿದ್ದಾರೆ. ಜನ ತುಂಬಾ ಒಳ್ಳೆಯವರು, ಹಿಮ ಬಿದ್ದಾಗ ನಮ್ಮ ಡ್ರೈವ್‌ವೇನೂ ಕೇಳದೇ ತೆಗೆದುಕೊಟ್ಟು ಹೋಗ್ತಾರೆ. ಮೊನ್ನೆ ಮಗನನ್ನ ಕರೆತರೋಕೆ ಹೋದಾಗ ಅವರು ಬೀಗ ಹಾಕಿದ ಕಬ್ಬಿಣದ ಬೀರು ತೆಗೆದು ತೋರಿಸಿದ್ರು. ಒಂದು ಹಳೇ ಮರದ ಹಿಡಿಯ ರೈಫಲ್. ಪಕ್ಕದಲ್ಲಿ ಪೂರ್ತಿ ಕಪ್ಪು ಬಣ್ಣದ್ದು, ನ್ಯೂಸಲ್ಲಿ ನೋಡ್ತೀವಲ್ಲ, ಅಂಥದ್ದು. ನನಗೆ ಕೈಕಾಲು ತಣ್ಣಗಾಯ್ತು. ಅದನ್ನ ತಗೊಂಡು ಕಾಡಿಗೆ ಹೋಗೋಕೆ ಕಾನೂನು ಬಿಡುತ್ತಾ? ನಮ್ಮನೆಯವರು ಎಚ್‌-1ಬಿ ಕೆಲಸದ ವೀಸಾ, ನಾನು, ಮಗ ಅವರ ಕುಟುಂಬದವರಾಗಿ ಎಚ್‌-4. ಬೇಡ ಅಂದಿದ್ದಕ್ಕೆ ಮಗ ಎರಡು ದಿನದಿಂದ ಮಾತಾಡ್ತಿಲ್ಲ.

ಎಡಿಸನ್, ನ್ಯೂಜೆರ್ಸಿ

ಬೇಡವೇ ಬೇಡ ಮೇಡಂ. ನಮ್ಮ ನ್ಯೂಜೆರ್ಸಿಯಲ್ಲಿ ಜಿಂಕೆಗೆ ಮಾಮೂಲಿ ರೈಫಲ್ಲೇ ಇಲ್ಲ, ಶಾಟ್‌ಗನ್ ಅಥವಾ ಬಾಯಿಂದ ಮದ್ದು ತುಂಬೋ ಹಳೇ ಕಾಲದ ಕೋವಿ, ಇಲ್ಲಾಂದ್ರೆ ಬಿಲ್ಲು. ಮಗನಿಗೆ ಎಕ್ಸ್‌ಬಾಕ್ಸ್ ಕೊಡಿಸಿ ಸುಮ್ಮನಾಗಿಸಿ.

ಕಾರ್ಲೈಲ್, ಪೆನ್ಸಿಲ್ವೇನಿಯಾ

ಎಕ್ಸ್‌ಬಾಕ್ಸ್ ಸಲಹೆ ಪಕ್ಕಕ್ಕಿಡೋಣ ಸರ್, ಅದರಲ್ಲೂ ದಿನಾ ಹೊಡೆಯೋದು ಗನ್ನನ್ನೇ.

ಮೇಡಂ, ನಾನು ಮೂಲತಃ ಸುಳ್ಯದ ಕಡೆಯವನು. ಅಡಿಕೆ ತೋಟಕ್ಕೆ ಹಂದಿ, ಮಂಗ ಬರುತ್ತವೆ ಅಂತ ಮನೆಯಲ್ಲಿ ಬೆಳೆ ರಕ್ಷಣೆಯ ಲೈಸೆನ್ಸಿನ ಕೋವಿ ಇತ್ತು. ಎಲೆಕ್ಷನ್ ಘೋಷಣೆ ಆಯ್ತು ಅಂದ್ರೆ ಅಜ್ಜ ಅದನ್ನ ಗೋಣಿಯಲ್ಲಿ ಸುತ್ತಿ ಠಾಣೆಗೆ ಕೊಟ್ಟು ರಸೀದಿ ತರೋರು, ಫಲಿತಾಂಶ ಬಂದಮೇಲೆ ವಾಪಸ್. ಹಾಗಾಗಿ ಗನ್ ಕಂಡ್ರೆ ನನಗೆ ಭಯಕ್ಕಿಂತ ಕಾಗದಪತ್ರದ ನೆನಪೇ ಜಾಸ್ತಿ. ನಿಮ್ಮ ವಿಷಯದಲ್ಲೂ ಕಾಗದಪತ್ರವೇ ಮುಖ್ಯ. ಆ ಕಪ್ಪು ರೈಫಲ್ ನೋಡಿ ಹೆದರಿದ್ದೀರಿ, ಸಹಜ. ಆದರೆ ಈ ಕಥೆಯಲ್ಲಿ ನಿಜವಾಗಿ ಹೆದರಬೇಕಾದ್ದು ಬೇರೆ ಎರಡು ಇವೆ.

ಮೊದಲು ನೀವು ಕೇಳಿದ್ದಕ್ಕೆ ಉತ್ತರ. ಜಿಂಕೆ ಬೇಟೆಗೆ ಪೆನ್ಸಿಲ್ವೇನಿಯಾದಲ್ಲಿ ಸೆಮಿ-ಆಟೋಮ್ಯಾಟಿಕ್ ರೈಫಲ್ ನಿಷಿದ್ಧ. ಆ ಮನುಷ್ಯ ಕಾಡಿಗೆ ಒಯ್ಯೋದು ಮರದ ಹಿಡಿಯದ್ದನ್ನೇ. ಅದು ಬಹುಶಃ ಬೋಲ್ಟ್ ಆ್ಯಕ್ಷನ್: ಒಂದು ಸಲ ಹೊಡೆದ ಮೇಲೆ ಕೈಯಿಂದ ಬೋಲ್ಟ್ ಎತ್ತಿ, ಹಿಂದಕ್ಕೆಳೆದು, ಖಾಲಿ ತೋಟೆ ಹೊರಗೆ ಹಾರಿಸಿ, ಮುಂದಕ್ಕೆ ತಳ್ಳಿದ್ರೇನೇ ಮುಂದಿನ ತೋಟೆ ಒಳಗೆ ಹೋಗೋದು. ಸೆಮಿ-ಆಟೋಮ್ಯಾಟಿಕ್‌ನಲ್ಲಿ ಹಾರಿದ ಗುಂಡಿನ ಗ್ಯಾಸ್ ಅಥವಾ ಒದೆತದ ಬಲವೇ ಈ ಕೆಲಸ ಮಾಡುತ್ತೆ. ನೀವು ಟ್ರಿಗರ್ ಬಿಟ್ಟು ಮತ್ತೆ ಒತ್ತಿದ್ರೆ ಸಾಕು. ಒತ್ತಿ ಹಿಡಿದ್ರೆ ಸುರಿಮಳೆಯಾಗೋದು ಪೂರ್ತಿ ಆಟೋಮ್ಯಾಟಿಕ್, ಅದು ಬೇರೆಯೇ ಲೆಕ್ಕ. ಬಣ್ಣ ಕಪ್ಪೋ ಕಂದೋ ಅನ್ನೋದಕ್ಕೆ ಬೇಟೆ ನಿಯಮದಲ್ಲಿ ಬೆಲೆ ಇಲ್ಲ. ಮರದ ಹಿಡಿಯ ಸೆಮಿ-ಆಟೋಮ್ಯಾಟಿಕ್‌ಗಳೂ ಧಾರಾಳವಾಗಿವೆ, ಅವೂ ಜಿಂಕೆಗೆ ಆಗಲ್ಲ.

ಇದು ಇತ್ತೀಚೆಗೆ ಯಾರೋ ಗನ್ ವಿರೋಧಿಗಳು ತಂದ ನಿಯಮ ಅಂದ್ಕೋಬೇಡಿ. 1907ರಲ್ಲೇ ಈ ರಾಜ್ಯ ಬೇಟೆಗೆ ಇಂಥ ಬಂದೂಕು ಬೇಡ ಅಂತ ಕಾನೂನು ಮಾಡ್ತು. ಮರದ ದಿಮ್ಮಿ ಕಂಪನಿಗಳು ಕಾಡು ಬೋಳಿಸಿ, ಮಾರುಕಟ್ಟೆಗೆ ಮಾಂಸ ಸಾಗಿಸೋರು ಮಿಕ್ಕಿದ್ದನ್ನ ಹೊಡೆದು, ಇಲ್ಲಿ ಜಿಂಕೆ ಕಾಣೋದೇ ಅಪರೂಪ ಆಗಿತ್ತು. ಎಲ್ಕ್ ಅನ್ನೋ ದೊಡ್ಡ ಜಾತಿಯ ಜಿಂಕೆ ಅಂತೂ ಪೂರ್ತಿ ಅಳಿದುಹೋಗಿ, 1913ರಲ್ಲಿ ಯೆಲ್ಲೋಸ್ಟೋನ್‌ನಿಂದ ರೈಲಿನಲ್ಲಿ ತರಿಸಬೇಕಾಯ್ತು. ಬೆನೆಜೆಟ್‌ಗೆ ಮಕ್ಕಳನ್ನ ಕರ್ಕೊಂಡು ಹೋಗಿ ಫೋಟೋ ಹೊಡೆಸ್ಕೋತೀವಲ್ಲ, ಅಲ್ಲಿನ ಹಿಂಡಿನ ಮೂಲ ಹೀಗೆ. ಅಂಥ ಹೊತ್ತಲ್ಲಿ ಬೇಗಬೇಗ ಹೊಡೆಯೋ ಯಂತ್ರ ಬೇಡ ಅಂದಿದ್ದು ಅರ್ಥವಾಗೋ ಮಾತೇ.

ಆ ನಿಷೇಧ ನೂರು ವರ್ಷ ದಾಟಿ ನಡೀತು. ಉಳಿದ ರಾಜ್ಯಗಳಲ್ಲಿ ಹೆಚ್ಚಿನವು ಅಷ್ಟೊತ್ತಿಗೆ ಏನಾದ್ರೂ ಷರತ್ತು ಹಾಕಿ ಬಿಟ್ಟಿದ್ದವು. 2016ರ ನವೆಂಬರ್‌ನಲ್ಲಿ ಗವರ್ನರ್ ಟಾಮ್ ವುಲ್ಫ್ ಸಹಿ ಹಾಕಿದ ಕಾನೂನು, ಯಾವ ಪ್ರಾಣಿಗೆ ಬಿಡಬೇಕು ಅಂತ ತೀರ್ಮಾನಿಸೋ ಅಧಿಕಾರವನ್ನ ಬೇಟೆ ನಿಯಮ ನೋಡಿಕೊಳ್ಳೋ ರಾಜ್ಯದ ಗೇಮ್ ಕಮಿಷನ್‌ಗೆ ಕೊಡ್ತು. 2017ರ ಜನವರಿಯಲ್ಲಿ ಕಮಿಷನ್ ಜಿಂಕೆಗೂ ಬಿಡೋ ಪ್ರಸ್ತಾಪ ಇಟ್ಟಾಗ ಬೇಡ ಅಂದವರು ಯಾರು ಗೊತ್ತಾ? ಬೇಟೆಗಾರರೇ. ಅವರಲ್ಲಿ ಬಹುಮಂದಿ ಜಿಂಕೆಯಂಥ ದೊಡ್ಡ ಪ್ರಾಣಿಗೆ ವಿರೋಧ ಹೇಳಿದ್ರು. ಮೊದಲ ದಿನ ಕಾಡಲ್ಲಿ ಜನ ತುಂಬಿರ್ತಾರೆ, ಒಂದು ತಪ್ಪಿದ್ರೆ ಇನ್ನೊಂದು ಅಂತ ಓಡೋ ಜಿಂಕೆ ಹಿಂದೆ ಗುಂಡು ಹಾರಿಸೋರು ಹೆಚ್ಚಾಗ್ತಾರೆ ಅನ್ನೋದು ಇಲ್ಲಿನ ಹಳಬರ ಆತಂಕ. ಇನ್ನೊಂದು ಪಕ್ಷದವರು, ಒದೆತ ಕಡಿಮೆ ಇರೋದರಿಂದ ಹೆಂಗಸರಿಗೆ, ಮಕ್ಕಳಿಗೆ, ಭುಜ ನೋವಿನವರಿಗೆ ಅದೇ ಸುಲಭ ಅಂತ ವಾದಿಸ್ತಾರೆ. ಅದೂ ಸುಳ್ಳಲ್ಲ. ಕೊನೆಗೆ ಮಾರ್ಚ್‌ನಲ್ಲಿ ಅಳಿಲು, ಮೊಲದಂಥ ಸಣ್ಣ ಬೇಟೆಗೆ .22 ಅಥವಾ ಅದಕ್ಕಿಂತ ಸಣ್ಣ ಕ್ಯಾಲಿಬರ್ (ನಳಿಗೆಯ ಒಳ ಅಳತೆ), ಹಾಗೂ ನರಿ, ತೋಳದಂಥ ಕಯೋಟಿ ಮುಂತಾದ ತುಪ್ಪಳದ ಪ್ರಾಣಿಗಳಿಗೆ ಸೆಮಿ-ಆಟೋಮ್ಯಾಟಿಕ್ ರೈಫಲ್ ಬಿಟ್ರು. ಜಿಂಕೆ, ಕರಡಿಗೆ ಬಿಡಲಿಲ್ಲ. ನಿಮ್ಮ ಪಕ್ಕದವರ ಕಪ್ಪು ರೈಫಲ್ ಕಯೋಟಿಗೆ ಇರಬಹುದು, ಬರೀ ಗುರಿ ಅಭ್ಯಾಸಕ್ಕೂ ಇರಬಹುದು. ಇಟ್ಕೊಂಡಿರೋದು ತಪ್ಪಲ್ಲ.

ನೋವೈ, ಮಿಷಿಗನ್

ಒಂದು ಸೇರಿಸ್ತೀನಿ. ಇದು ರಾಜ್ಯದಿಂದ ರಾಜ್ಯಕ್ಕೆ ಬದಲಾಗೋ ವಿಷಯ. ನಮ್ಮಲ್ಲಿ ಸೆಮಿ-ಆಟೋಮ್ಯಾಟಿಕ್ ಓಕೆ, ಆದರೆ ಮ್ಯಾಗಜೀನ್ (ತೋಟೆ ತುಂಬೋ ಡಬ್ಬಿ) ಮತ್ತು ಬ್ಯಾರಲ್ ಸೇರಿ 6 ತೋಟೆಗಿಂತ ಹೆಚ್ಚು ಹಿಡಿಯಬಾರದು (.22 ರಿಮ್‌ಫೈರ್ ಅನ್ನೋ ಸಣ್ಣ ತೋಟೆಯದ್ದಕ್ಕೆ ವಿನಾಯಿತಿ). ಕೊಲರಾಡೋದಲ್ಲೂ ದೊಡ್ಡ ಪ್ರಾಣಿಗಳಿಗೆ 6ರ ಮಿತಿ. ಫ್ಲಾರಿಡಾದಲ್ಲಿ ಮ್ಯಾಗಜೀನ್ 5ಕ್ಕಿಂತ ದೊಡ್ಡದಿರಬಾರದು. ಟೆಕ್ಸಾಸ್‌ನಲ್ಲಿ ತೋಟೆ ಎಷ್ಟಾದ್ರೂ ಇರಲಿ, ರಿಮ್‌ಫೈರ್‌ನಿಂದ ಜಿಂಕೆ ಹೊಡೆಯೋ ಹಾಗಿಲ್ಲ. ಬಾತುಕೋಳಿಯಂಥ ವಲಸೆ ಹಕ್ಕಿಗೆ ಮಾತ್ರ ದೇಶಕ್ಕೆಲ್ಲ ಒಂದೇ ನಿಯಮ, ಶಾಟ್‌ಗನ್‌ನಲ್ಲಿ 3 ತೋಟೆ. ಡ್ಯಾಲಸ್‌ನಲ್ಲಿರೋ ಭಾವನ ಮಾತು ಕೇಳಿ ಪೆನ್ಸಿಲ್ವೇನಿಯಾದಲ್ಲಿ ನಡ್ಕೋಬೇಡಿ ಅಂತ ಇಷ್ಟು ಹೇಳಿದೆ.

ಕಾರ್ಲೈಲ್, ಪೆನ್ಸಿಲ್ವೇನಿಯಾ

ಸರಿಯಾಗಿ ಹೇಳಿದ್ರಿ. ಪೆನ್ಸಿಲ್ವೇನಿಯಾದೊಳಗೇ ಫಿಲಡೆಲ್ಫಿಯಾ ಸುತ್ತಲಿನ ಕೌಂಟಿಗಳಲ್ಲಿ ಜಿಂಕೆಗೆ ರೈಫಲ್ಲೇ ಇಲ್ಲ, ಮನೆಗಳು ಅಷ್ಟು ಹತ್ತಿರ ಹತ್ತಿರ.

ಈಗ ಹೆದರಬೇಕಾದ ಮೊದಲನೇದು: ವೀಸಾ. ಇದನ್ನ ಗುಂಪಿನಲ್ಲಿರೋ ಎಲ್ಲಾ ಎಚ್‌-1ಬಿ, ಎಫ್‌-1, ಎಚ್‌-4ನವರೂ ಓದಿ. ವಲಸೆಯೇತರ ವೀಸಾದಲ್ಲಿ ಬಂದವರು ಗನ್ ಆಗಲೀ ತೋಟೆ ಆಗಲೀ ವಶದಲ್ಲಿ ಇಟ್ಕೊಳ್ಳೋದು ಫೆಡರಲ್ ಅಪರಾಧ. 2022ರ ತಿದ್ದುಪಡಿಯಿಂದ ಗರಿಷ್ಠ ಶಿಕ್ಷೆ 15 ವರ್ಷ. ಸ್ವಂತದ್ದೇ ಆಗಬೇಕಿಲ್ಲ, ಆಫೀಸಿನವರ ಜೊತೆ ಲಾಸ್ ವೇಗಸ್‌ಗೆ ಹೋಗಿ ರೇಂಜಲ್ಲಿ ಬಾಡಿಗೆ ಗನ್ ಹಿಡಿದು ಫೇಸ್‌ಬುಕ್ಕಿಗೆ ಫೋಟೋ ಹಾಕ್ತಾರಲ್ಲ ನಮ್ಮ ಹುಡುಗರು, ಅದೂ ಇದರೊಳಗೇ ಬರುತ್ತೆ. ಆದರೆ ಇದಕ್ಕೊಂದು ವಿನಾಯಿತಿ ಇದೆ, ನಮ್ಮವರಲ್ಲಿ ಬಹಳ ಜನಕ್ಕೆ ಗೊತ್ತೇ ಇಲ್ಲ: ಅಮೆರಿಕದ ಯಾವುದಾದರೂ ರಾಜ್ಯ ಕೊಟ್ಟ, ಅವಧಿ ಮುಗಿಯದ ಬೇಟೆ ಲೈಸೆನ್ಸ್ ಅಥವಾ ಪರ್ಮಿಟ್ ಕೈಯಲ್ಲಿದ್ರೆ ಆ ನಿರ್ಬಂಧ ಅನ್ವಯಿಸಲ್ಲ. ಅಂದ್ರೆ ನಿಮ್ಮ ಮಗ ಲೈಸೆನ್ಸ್ ಇಲ್ಲದೇ ಅವರ ಹಿತ್ತಲಲ್ಲಿ ಡಬ್ಬಿಗೆ ಗುರಿಯಿಟ್ರೆ ತೊಂದರೆ, ಲೈಸೆನ್ಸ್ ಇಟ್ಕೊಂಡು ಬೇಟೆಗೆ ಹೋದ್ರೆ ಕಾನೂನಿನ ಒಳಗೆ. ವಿಚಿತ್ರ ಅನ್ಸುತ್ತೆ, ಆದ್ರೆ ಹಾಗೇ ಇದೆ. ಗ್ರೀನ್ ಕಾರ್ಡಿನವರಿಗೆ ಈ ತಲೆನೋವಿಲ್ಲ. ಹಿತ್ತಲಿನ ಗುರಿ ಅಭ್ಯಾಸ ಈಗಾಗಲೇ ನಡೆದಿದೆಯಾ ಅಂತ ಮಗನನ್ನ ಬೈಯದೇ ಕೇಳಿ. ಹೌದು ಅಂದ್ರೆ ಇಲ್ಲಿ ಬರೀಬೇಡಿ, ವಕೀಲರ ಹತ್ತಿರ ಮಾತಾಡಿ.

ವಲಸೆ ಬಂದವರು, ಬಂದೂಕು, ಪೆನ್ಸಿಲ್ವೇನಿಯಾ, ಈ ಮೂರರ ನಂಟು ಹಳೇದು. 1909ರಲ್ಲಿ ಈ ರಾಜ್ಯ, ಇಲ್ಲಿ ನೆಲೆಸಿದ್ದರೂ ಪೌರತ್ವ ಪಡೆಯದ ವಿದೇಶಿಯರು ಬೇಟೆ ಆಡಬಾರದು, ಅದಕ್ಕಾಗಿ ರೈಫಲ್, ಶಾಟ್‌ಗನ್ ಇಟ್ಕೊಳ್ಳಲೂಬಾರದು ಅಂತ ಕಾನೂನು ಮಾಡಿತ್ತು. ಪ್ಯಾಟ್ಸೋನ್ ಅನ್ನೋ ಇಟಲಿಯವನು ಸುಪ್ರೀಂ ಕೋರ್ಟ್‌ವರೆಗೆ ಹೋಗಿ 1914ರಲ್ಲಿ ಸೋತ. ತೀರ್ಪು ಬರೆದದ್ದು ಹೆಸರಾಂತ ನ್ಯಾಯಮೂರ್ತಿ ಹೋಮ್ಸ್. ಕಾಡುಪ್ರಾಣಿ ರಕ್ಷಣೆ ಅನ್ನೋ ಹೆಸರಲ್ಲಿ ಗಣಿ ಕೆಲಸಕ್ಕೆ ಬಂದ ಬಡ ಇಟಾಲಿಯನ್ನರ ಮೇಲಿನ ಸಿಟ್ಟು ತೀರಿಸ್ಕೊಂಡ್ರು ಅಂತಲೇ ನನ್ನ ಅಭಿಪ್ರಾಯ. ಇವತ್ತು ಅದೇ ರಾಜ್ಯ ನಿಮ್ಮ ಮಗನಿಗೆ ಲೈಸೆನ್ಸ್ ಕೊಡುತ್ತೆ.

ಎರಡನೇದು: ಯಾರ ಜೊತೆ ಹೋಗ್ತಾನೆ. ಇಲ್ಲಿ 12ರ ಮೇಲೆ ಜೂನಿಯರ್ ಲೈಸೆನ್ಸ್ ಸಿಗುತ್ತೆ, ಅದಕ್ಕೆ ಮುಂಚೆ ಬೇಟೆಗಾರರ ತರಬೇತಿ ಪಾಸಾಗಬೇಕು. ತರಬೇತಿಗೆ 11ರಿಂದಲೇ ಸೇರಬಹುದು. ಆದರೆ 12-13ರ ಮಕ್ಕಳ ಜೊತೆ ಅಪ್ಪ, ಅಮ್ಮ, ಪೋಷಕರು ಅಥವಾ 18 ತುಂಬಿದ ಮನೆಯವರೇ ಇರಬೇಕು. ಗೆಳೆಯನ ಅಪ್ಪ ಎಷ್ಟೇ ಒಳ್ಳೆಯವರಾದ್ರೂ ನಿಮ್ಮ ಮಗನನ್ನ ಬೇಟೆಗಾರನಾಗಿ ಒಬ್ಬನೇ ಕರ್ಕೊಂಡು ಹೋಗೋಕೆ ಬರಲ್ಲ. 14 ಆದ್ಮೇಲೆ ಬೇರೆ ವಯಸ್ಕರಾದ್ರೂ ಸಾಕು. ಬರೀ ನೋಡೋಕೆ ಹೋಗಬಹುದು, ಆದ್ರೆ ಗನ್ ಇಲ್ಲದಿದ್ರೂ ಪೊದೆ ಬಡಿದು ಜಿಂಕೆ ಎಬ್ಬಿಸೋ ಕೆಲಸಕ್ಕೆ ನಿಂತ್ರೆ ಅದೂ ಬೇಟೆಯೇ, ಲೈಸೆನ್ಸ್ ಬೇಕು. ಹುಡುಗರಿಗೆ ಆ ಕೆಲಸ ಹೇಳೋದು ಮಾಮೂಲು, ಮೊದಲೇ ಮಾತಾಡಿಕೊಳ್ಳಿ.

ವೆಸ್ಟ್ ಚೆಸ್ಟರ್, ಪೆನ್ಸಿಲ್ವೇನಿಯಾ

ಕಾನೂನು ಎಲ್ಲಾ ಸರಿ ಅಣ್ಣ. ಆದ್ರೆ ನಾವು ಮೊಟ್ಟೆನೂ ತಿನ್ನದೋರು, ಮಗು ಜಿಂಕೆ ಕೊಲ್ಲೋದನ್ನ ನೋಡ್ಕೊಂಡು ಬರಲಿ ಅನ್ನೋಕೆ ಮನಸ್ಸು ಹೇಗೆ ಬರುತ್ತೆ? ಹೊಂದಿಕೊಳ್ಳೋದಕ್ಕೂ ಒಂದು ಮಿತಿ ಬೇಡ್ವಾ?

ಮಡಿಕೇರಿಯವಳು, ಈಗ ರಾಲಿ

ಅಕ್ಕ, ನಮ್ಮಲ್ಲಿ ಕೈಲ್‌ಪೊಳ್ದ್‌ಗೆ (ಕೊಡವರ ಆಯುಧ ಪೂಜೆಯ ಹಬ್ಬ) ಕೋವಿಗೆ ತೋಕ್‌ಪೂ, ಅಂದ್ರೆ ಕೋವಿ ಹೂ, ಇಟ್ಟು ಪೂಜೆ ಮಾಡ್ತೀವಿ, ತೆಂಗಿನಕಾಯಿಗೆ ಗುಂಡು ಹೊಡೆಯೋ ಸ್ಪರ್ಧೆ ಇರುತ್ತೆ. ನಾನೂ ಹೊಡೆದಿದ್ದೀನಿ. ಕೊಡವರಿಗೂ ಜಮ್ಮಾ (ಕೊಡಗಿನ ಹಳೇ ವಂಶಪಾರಂಪರ್ಯ ಜಮೀನು) ಹಿಡುವಳಿದಾರರಿಗೂ ಕೋವಿ ಲೈಸೆನ್ಸಿನಿಂದ ವಿನಾಯಿತಿ ಇದೆ, 2029ರವರೆಗೆ ವಿಸ್ತರಿಸಿದ್ದಾರೆ. ಆದರೂ 1972ರ ವನ್ಯಜೀವಿ ಕಾಯ್ದೆ ಬಂದ ಮೇಲೆ ಬೇಟೆ ನಿಂತಿದೆ. ಮನೆಯಲ್ಲಿ ಕೋವಿ ಇದ್ದೂ ಬೇಟೆ ಆಡದೇ ಬೆಳೆದ ಮಕ್ಕಳು ನಾವು. ಹಾಗಾಗಿ ಎರಡನ್ನೂ ಬೇರೆ ಮಾಡಿ ನೋಡಿ ಅಂತೀನಿ. ಹುಡುಗನಿಗೆ ಬೇಕಾಗಿರೋದು ಕೊಲ್ಲೋದಾ, ಗೆಳೆಯನ ಜೊತೆ ಬೆಳಗಿನ ಜಾವ ಕಾಡಿಗೆ ಹೋಗೋದಾ? ನನಗನ್ಸುತ್ತೆ ಎರಡನೇದು.

ಕಾರ್ಲೈಲ್, ಪೆನ್ಸಿಲ್ವೇನಿಯಾ

ವೆಸ್ಟ್ ಚೆಸ್ಟರ್ ಅಕ್ಕನ ಮಾತು ತಳ್ಳಿಹಾಕೋ ಹಾಗಿಲ್ಲ. ನಮ್ಮ ಮನೆಯಲ್ಲಿ ಇದು ನಡೆಯಲ್ಲ ಅಂತ ನೇರವಾಗಿ ಹೇಳೋ ಹಕ್ಕು ತಂದೆತಾಯಿಗೆ ಖಂಡಿತ ಇದೆ, ಪಕ್ಕದವರಿಗೂ ಅರ್ಥ ಆಗುತ್ತೆ. ನನ್ನ ಆಕ್ಷೇಪ ಇಷ್ಟೇ. ಕಾರಣ ಕೊಡುವಾಗ ‘ಅವರು ಗನ್ ಹುಚ್ಚರು’ ಅಂತ ಮಕ್ಕಳ ಮುಂದೆ ಹೇಳಬೇಡಿ. ಇಲ್ಲಿನ ಎಷ್ಟೋ ಶಾಲೆಗಳಿಗೆ ಥ್ಯಾಂಕ್ಸ್‌ಗಿವಿಂಗ್ ನಂತರದ ಸೋಮವಾರ ರಜೆ ಇರೋದೇ ಜಿಂಕೆ ಸೀಸನ್ನಿಗೆ. 2019ರಲ್ಲಿ ಸೀಸನ್ ಶನಿವಾರಕ್ಕೆ ಸರಿದ್ರೂ ರಜೆ ಮಾತ್ರ ಎಷ್ಟೋ ಕಡೆ ಉಳ್ಕೊಂಡಿದೆ. ಹೊಡೆದ ಜಿಂಕೆಯ ಮಾಂಸವನ್ನ ಫುಡ್ ಬ್ಯಾಂಕಿಗೆ ಕೊಡೋ ವ್ಯವಸ್ಥೆ 1991ರಿಂದ ಇದೆ. ಗನ್, ತೋಟೆ ಮೇಲಿನ ಫೆಡರಲ್ ತೆರಿಗೆ 1937ರ ಕಾನೂನಿನಂತೆ ಕಾಡುಪ್ರಾಣಿಗಳ ಸಂರಕ್ಷಣೆಗೆ ಹೋಗುತ್ತೆ. ನಿಮಗೆ ಒಪ್ಪಿಗೆ ಆಗದಿರಬಹುದು, ಆದರೆ ಅವರ ಮನೆಯಲ್ಲೂ ಇದಕ್ಕೊಂದು ರೀತಿನೀತಿ ಇದೆ.

ನಾನಾಗಿದ್ರೆ ಈ ವರ್ಷ ಮಗನನ್ನ ತರಬೇತಿಗೆ ಮಾತ್ರ ಸೇರಿಸ್ತಿದ್ದೆ, ಅಪ್ಪನೂ ಜೊತೆಗೆ ಕೂರಬೇಕು ಅನ್ನೋ ಷರತ್ತಿನ ಮೇಲೆ. ಗನ್ ಹಿಡಿಯೋ ಆಸೆಯ ಮಕ್ಕಳಿಗೆ ಅಲ್ಲಿ ಮೊದಲು ಹೇಳಿಕೊಡೋದು ನಳಿಗೆ ಯಾರ ಕಡೆಗೂ ತಿರುಗಬಾರದು, ಗುರಿಯ ಹಿಂದೆ ಏನಿದೆ ನೋಡದೇ ಟ್ರಿಗರ್ ಮುಟ್ಟಬಾರದು ಅಂತ. ಬೇಟೆಗೆ ಹೋಗದಿದ್ರೂ ಈ ದೇಶದಲ್ಲಿ ಬೆಳೆಯೋ ಮಗುವಿಗೆ ಅದು ಗೊತ್ತಿರಲಿ. ಸ್ಲೀಪ್‌ಓವರ್‌ಗೆ ಕಳಿಸೋ ಪ್ರತಿ ಮನೆಯಲ್ಲೂ ‘ಗನ್ ಇದೆಯಾ, ಬೀಗ ಹಾಕಿದೆಯಾ’ ಅಂತ ಕೇಳಿ. ಪೀನಟ್ ಅಲರ್ಜಿ ಬಗ್ಗೆ ಹೇಳುವಾಗ ಸಂಕೋಚ ಪಡಲ್ಲ ತಾನೇ? ನಿಮ್ಮ ಪಕ್ಕದವರು ಕೇಳದೇ ಬೀಗದ ಬೀರು ತೋರಿಸಿದ್ದಾರೆ. ನನ್ನ ಲೆಕ್ಕದಲ್ಲಿ ಅದು ಅವರ ಬಗ್ಗೆ ಒಳ್ಳೆ ಮಾತು.

ಮೆಕ್ಯಾನಿಕ್ಸ್‌ಬರ್ಗ್, ಪೆನ್ಸಿಲ್ವೇನಿಯಾ

ಎಲ್ಲರಿಗೂ ಥ್ಯಾಂಕ್ಸ್. ಹಿತ್ತಲಲ್ಲಿ ಏನೂ ನಡೆದಿಲ್ಲವಂತೆ, ಕೇಳಿದೆ. ಪಕ್ಕದವರ ಹತ್ತಿರ ಹೋಗಿ ವೀಸಾ ವಿಷಯ ಹೇಳಿದ್ವಿ, ಅವರಿಗೂ ಗೊತ್ತಿರಲಿಲ್ಲ. ಜಿಂಕೆಗೆ ಆ ಕಪ್ಪು ರೈಫಲ್ ಒಯ್ತೀರಾ ಅಂತ ಕೇಳಿದ್ದಕ್ಕೆ ಅವರು ನಕ್ಕು, ಒಯ್ದರೆ ನಮ್ಮಪ್ಪನೇ ಮನೆಗೆ ಸೇರಿಸಲ್ಲ ಅಂದ್ರು. ಇವರು ತರಬೇತಿಗೆ ಮಗನ ಜೊತೆ ಹೆಸರು ಕೊಟ್ಟಿದ್ದಾರೆ. ಈ ಸಲ ಅಪ್ಪ-ಮಗ ಇಬ್ಬರೂ ಬರೀ ಕೈಯಲ್ಲಿ ಜೊತೆಗೆ ಹೋಗಿ ಕೂತು ಬರ್ತಾರೆ ಅಂತ ಸದ್ಯದ ತೀರ್ಮಾನ. ಅತ್ತೆಗೆ ಇನ್ನೂ ಹೇಳಿಲ್ಲ. ಬಟ್ಟೆಬರೆ ಏನು ಬೇಕು?

ಕಾರ್ಲೈಲ್, ಪೆನ್ಸಿಲ್ವೇನಿಯಾ

ಕಿತ್ತಳೆ ಬಣ್ಣದ ಹೊಳೆಯೋ ವೆಸ್ಟ್, ಟೋಪಿ ಇಬ್ಬರಿಗೂ. ಬೇಟೆಗಾರರಿಗೆ ತಲೆ, ಎದೆ, ಬೆನ್ನು ಸೇರಿ 250 ಚದರ ಇಂಚು, ಸುತ್ತ ಯಾವ ಕಡೆಯಿಂದ ನೋಡಿದ್ರೂ ಕಾಣಬೇಕು ಅಂತ ನಿಯಮ. ನೋಡೋಕೆ ಹೋಗೋರೂ ಅಷ್ಟೇ ಹಾಕ್ಕೊಳ್ಳೋದು ಕ್ಷೇಮ. ಮರಗಳ ಮೇಲೆ ನೇರಳೆ ಬಣ್ಣದ ಉದ್ದುದ್ದ ಪಟ್ಟಿ ಕಂಡ್ರೆ ಅದು ಖಾಸಗಿ ಜಾಗ, ಒಳಗೆ ಕಾಲಿಡಬೇಡಿ ಅಂತ ಅರ್ಥ. ಒಳಗೆ ಎರಡು ಜೊತೆ ಉಣ್ಣೆ ಸಾಕ್ಸ್, ಚಳಿ ಕೆಟ್ಟದಾಗಿರುತ್ತೆ.

ವಾಪಸ್ ಬಂದ ಮೇಲೆ ಮಗನ ಜಾಕೆಟ್ಟಿನ ಜೇಬುಗಳನ್ನೆಲ್ಲ ನೀವೇ ತಡಕಿ ನೋಡಿ. ಹುಡುಗರು ಖಾಲಿ ತೋಟೆಯನ್ನ ನೆನಪಿಗೆ ಅಂತ ಜೇಬಿಗಿಳಿಸ್ತಾರೆ, ಮಂಗಳವಾರ ಅದೇ ಜಾಕೆಟ್ ಹಾಕ್ಕೊಂಡು ಶಾಲೆಗೆ ಹೋದ್ರೆ ಪ್ರಿನ್ಸಿಪಾಲರ ಮುಂದೆ ಕೂರೋರು ನೀವು.