ವಜೀರ ರೇಖ್ಮಿರೆಯ ಸಮಾಧಿಯಲ್ಲಿ ಆಡಳಿತದ ಚಿತ್ರಗಳೇಕೆ?

ಪ್ರಶ್ನೆ:
ಈಜಿಪ್ಟಿನ ಲಕ್ಸರ್‌ನಲ್ಲಿ ನೈಲ್ ನದಿಯ ಪಶ್ಚಿಮ ದಂಡೆಯ ಬೆಟ್ಟದಲ್ಲಿ ಕೊರೆದಿರುವ ರೇಖ್ಮಿರೆಯ ಸಮಾಧಿಯ ಬಗ್ಗೆ ತಿಳಿದವರಲ್ಲಿ ಒಂದು ಪ್ರಶ್ನೆ. ಈತ ಕ್ರಿ.ಪೂ. 15ನೆಯ ಶತಮಾನದಲ್ಲಿ ರಾಜ ಮೂರನೆಯ ಥುಟ್ಮೋಸ್‌ನ ವಜೀರ, ಎಂದರೆ ಪ್ರಧಾನಮಂತ್ರಿ ಆಗಿದ್ದವನು. ಅದೇ ಥುಟ್ಮೋಸ್‌ನ ಸಮಾಧಿಯ ಗೋಡೆಗಳಲ್ಲಿ ಸೂರ್ಯದೇವನ 12 ಗಂಟೆಗಳ ರಾತ್ರಿಪಯಣವನ್ನು ಹೇಳುವ ಅಮ್‌ದುವಾತ್ ಗ್ರಂಥವಿದ್ದರೆ, ರೇಖ್ಮಿರೆಯ ಗೋಡೆಗಳಲ್ಲಿ ಕ್ರೀಟ್, ನೂಬಿಯಾ, ಸಿರಿಯಾಗಳಿಂದ ಬಂದ ಕಾಣಿಕೆಗಳೂ ಇಟ್ಟಿಗೆ ಮಾಡುವ ಸೆರೆಯಾಳುಗಳೂ ಕಾಣುತ್ತಾರೆ. ಸತ್ತವನಿಗೆ ಇವುಗಳಿಂದ ಏನು ಪ್ರಯೋಜನ?

ಉತ್ತರ 1:
ರಾಜನ ಸಮಾಧಿಯನ್ನು ಶವಸಂಸ್ಕಾರದ ನಂತರ ಮುಚ್ಚಿ ಮುದ್ರೆಯೊತ್ತುತ್ತಿದ್ದರು. ನೀವು ಹೇಳುವ ಚಿತ್ರಗಳಿರುವುದು ಬಂಧುಗಳೂ ಪುರೋಹಿತರೂ ನೈವೇದ್ಯದೊಡನೆ ಬರುತ್ತಿದ್ದ, ಬದುಕಿರುವವರಿಗೆ ತೆರೆದಿದ್ದ ಪೂಜಾಮಂದಿರದಲ್ಲಿ. ಬಂದವರು ಇಲ್ಲಿ ಮಲಗಿದವನು ಯಾರೆಂದು ತಿಳಿದು ಅವನ ಹೆಸರನ್ನು ಉಚ್ಚರಿಸಬೇಕಿತ್ತು, ಆಗ ನೈವೇದ್ಯ ಅವನಿಗೆ ತಲುಪುತ್ತದೆಂಬ ನಂಬಿಕೆಯಿತ್ತು; ಆ ಹೆಸರಿಗೆ ತೂಕ ಬಂದಿದ್ದು ಅವನ ಪದವಿಯಿಂದ. ಆದ್ದರಿಂದಲೇ ವಜೀರನ ಕರ್ತವ್ಯಗಳನ್ನು ವಿವರಿಸುವ ದೀರ್ಘ ಶಾಸನವೂ, ಪರಿಚಿತನನ್ನೂ ಅಪರಿಚಿತನನ್ನೂ ಒಂದೇ ರೀತಿ ಕಾಣಬೇಕೆಂದು ಅಧಿಕಾರ ವಹಿಸುವಾಗ ರಾಜನು ಆಡಿದ ಮಾತುಗಳೂ ಅಲ್ಲಿವೆ. ಪ್ರಾಚೀನ ಈಜಿಪ್ಟಿನ ಆಡಳಿತವನ್ನು ಅರಿಯಲು ಇದಕ್ಕಿಂತ ಅಮೂಲ್ಯವಾದ ಗೋಡೆ ಇನ್ನೊಂದಿಲ್ಲವೆಂಬುದು ನನ್ನ ದೃಢವಾದ ಅಭಿಪ್ರಾಯ.

ಅಂದ ಮಾತ್ರಕ್ಕೆ ಪರಲೋಕವನ್ನು ಮರೆತಿಲ್ಲ. ಒಳಗೆ ಹೋದಂತೆ ಚಾವಣಿ ಏರುತ್ತಾ ಸುಮಾರು 8 ಮೀಟರ್ ಎತ್ತರಕ್ಕೆ ತಲುಪುವ ಆ ವಿಚಿತ್ರ ಓಣಿಯಲ್ಲಿ ಒಂದು ಗೋಡೆಯ ಕೊನೆಗೆ ಶವಯಾತ್ರೆಯೂ ಎದುರು ಗೋಡೆಯಲ್ಲಿ ಸತ್ತವನು ಮತ್ತೆ ಉಣ್ಣಲು, ಮಾತಾಡಲು ಶಕ್ತನಾಗಲೆಂದು ಮಾಡುವ ‘ಬಾಯಿ ತೆರೆಯುವ’ ವಿಧಿಯೂ ಇವೆ.

ಉತ್ತರ 2:
ಅಮ್‌ದುವಾತ್ ರಾಜರಿಗಷ್ಟೇ ಮೀಸಲೆಂಬ ನಿಯಮಕ್ಕೆ ಅಪವಾದ ಇದೇ ಮನೆತನದಲ್ಲಿದೆ. ರೇಖ್ಮಿರೆಗಿಂತ ಮೊದಲು ವಜೀರನಾಗಿದ್ದ ಅವನ ತಂದೆಯ ಸಹೋದರ ಉಸೆರಾಮುನ್‌ನ ಶವಕೋಣೆಯಲ್ಲಿ ಆ ಗ್ರಂಥವಿದೆ. ರೇಖ್ಮಿರೆಯ ಸಮಾಧಿಯಲ್ಲಾದರೋ ಶವಕೋಣೆಯೇ ಸಿಕ್ಕಿಲ್ಲ. ಹಾಗಾಗಿ ಹೋಲಿಕೆಯನ್ನು ಪೂಜಾಮಂದಿರಗಳ ನಡುವೆಯೇ ಮಾಡುವುದು ಸರಿ.

ಪ್ರಶ್ನೆ ಕೇಳಿದವರು:
ಇಬ್ಬರಿಗೂ ಕೃತಜ್ಞತೆಗಳು. ಹೆಸರನ್ನು ಉಚ್ಚರಿಸುವುದೇ ಮುಖ್ಯವಾಗಿದ್ದರೆ, ಅಲ್ಲಿ ರೇಖ್ಮಿರೆಯ ಆಕೃತಿಗಳನ್ನೂ ಹೆಸರನ್ನೂ ಹಲವೆಡೆ ಕೆತ್ತಿ ಅಳಿಸಿರುವುದಕ್ಕೆ ಬೇರೆಯೇ ಅರ್ಥ ಬರುತ್ತದಲ್ಲವೇ?

ಉತ್ತರ 1:
ಖಂಡಿತವಾಗಿಯೂ. ಮುಂದೆ ಅತೆನ್ ಎಂಬ ಸೂರ್ಯಬಿಂಬದ ಪೂಜೆಯನ್ನಷ್ಟೇ ಎತ್ತಿಹಿಡಿದ ರಾಜ ಅಖೆನಾತೆನ್‌ನ ಕಾಲದಲ್ಲಿ ಅಮುನ್ ದೇವರ ಹೆಸರನ್ನು ಅಳಿಸಿದ್ದು ಬೇರೆಯ ವಿಷಯ. ರೇಖ್ಮಿರೆಯನ್ನೇ ಗುರಿಯಾಗಿಸಿದವರು ಅವನಿಗೆ ನೈವೇದ್ಯ ತಲುಪುವ ದಾರಿಯನ್ನೇ ಕಡಿಯಲು ಬಯಸಿದ್ದರು. ಅವನ ನಂತರ ವಜೀರ ಪದವಿ ಆ ಮನೆತನದ ಕೈತಪ್ಪಿದ್ದನ್ನು ಇದರೊಡನೆ ಸೇರಿಸಿ ನೋಡಬೇಕು.