ಯೇಸುವನ್ನು ಓಟು ಹಾಕಿ ದೇವರು ಮಾಡಿದರು ಅನ್ನೋದು ನಿಜವಾ?

ಹಡ್ಸನ್ ಸರ್ಕಲ್‌ನವಳು:

ಎಲ್ಲರಿಗೂ ನಮಸ್ಕಾರ. ನಮ್ಮದು ಸಿಎಸ್‌ಐ (ಚರ್ಚ್ ಆಫ್ ಸೌತ್ ಇಂಡಿಯಾ) ಕುಟುಂಬ, ಅಜ್ಜಿಯ ಕಾಲದಿಂದಲೂ ಕನ್ನಡ ಆರಾಧನೆಗೇ ಹೋಗುವವರು. ಚರ್ಚಿನಲ್ಲಿ ಎಲ್ಲರೂ ಸೇರಿ ಹೇಳುವ ನೈಸೀಯ ವಿಶ್ವಾಸ ಪ್ರಮಾಣ ನನಗೆ ಬಾಯಿಪಾಠ. ಆದರೆ ಅದು ಎಲ್ಲಿಂದ ಬಂತು ಅಂತ ಯಾವತ್ತೂ ಯೋಚನೆ ಮಾಡಿರಲಿಲ್ಲ. ಹೋದ ವಾರ ಆಫೀಸಿನಲ್ಲಿ ಊಟದ ಹೊತ್ತಿಗೆ ಸಹೋದ್ಯೋಗಿ ಒಬ್ಬರು ಹೇಳಿದರು, "325ನೇ ಇಸವಿ ತನಕ ಯೇಸು ಬರೀ ಪ್ರವಾದಿ. ರೋಮಿನ ಚಕ್ರವರ್ತಿ ಬಿಷಪ್‌ಗಳನ್ನು ಸೇರಿಸಿ, ಓಟು ಹಾಕಿಸಿ ದೇವರು ಮಾಡಿಸಿದ. ಬೈಬಲಿನಲ್ಲಿ ಯಾವ ಪುಸ್ತಕ ಇರಬೇಕು ಅಂತ ಆರಿಸಿದ್ದೂ ಅಲ್ಲೇ." ಅವರು ಕೆಟ್ಟ ಮನಸ್ಸಿನಿಂದ ಹೇಳಿದ್ದಲ್ಲ, ಎಲ್ಲೋ ವಿಡಿಯೋ ನೋಡಿದ್ದರು. ನನಗೆ ಉತ್ತರ ಕೊಡಲು ಆಗಲಿಲ್ಲ.

ಮನೆಗೆ ಬಂದು ಪಿಯುಸಿ ಓದುವ ಮಗಳಿಗೆ ಹೇಳಿದರೆ ಅವಳು ಇನ್ನೊಂದು ಕೇಳಿದಳು. "ಓಟು ಹಾಕಲಿಲ್ಲ ಅಂತಲೇ ಇಟ್ಟುಕೋ ಅಮ್ಮ. ಒಂದಷ್ಟು ಜನ ಸಭೆ ಸೇರಿ ಬರೆದದ್ದನ್ನು ನಾವು ಯಾಕೆ ನಂಬಬೇಕು?"

ಎರಡಕ್ಕೂ ಉತ್ತರ ಬೇಕು. ಭಕ್ತಿಯ ಉತ್ತರ ನನ್ನ ಹತ್ತಿರ ಇದೆ. ಅಲ್ಲಿ ನಡೆದದ್ದು ಏನು ಅಂತ ತಿಳಿದವರು ಹೇಳಿ.

ಲಿಂಗರಾಜಪುರದ ಮೇಷ್ಟ್ರು:

ಮೇಡಂ, ಸುಲಭದ್ದನ್ನು ಮೊದಲು ಮುಗಿಸೋಣ. ಪುಸ್ತಕಗಳ ಮಾತು ಪೂರ್ತಿ ತಪ್ಪು. ನಿಮ್ಮ ಸಹೋದ್ಯೋಗಿ ಹೇಳಿದ 325ರ ಸಭೆ ನಡೆದದ್ದು ಈಗಿನ ಟರ್ಕಿಯಲ್ಲಿರುವ ನೈಸೀಯದಲ್ಲಿ. ಅಲ್ಲಿ 20 ನಿಯಮ ಮಾಡಿದರು. ಬಿಷಪ್‌ರನ್ನು ನೇಮಿಸುವುದು ಹೇಗೆ, ಪಾದ್ರಿಗಳು ಬಡ್ಡಿಗೆ ಸಾಲ ಕೊಡಬಾರದು, ಭಾನುವಾರ ಮೊಣಕಾಲೂರಿ ಪ್ರಾರ್ಥಿಸಬಾರದು, ಇಂಥವು. ಪುಸ್ತಕಗಳ ಪಟ್ಟಿ ಅದರಲ್ಲಿ ಇಲ್ಲವೇ ಇಲ್ಲ. ಹೊಸ ಒಡಂಬಡಿಕೆಯ 27 ಪುಸ್ತಕಗಳ ಪಟ್ಟಿ ಈಗಿರುವ ಹಾಗೆಯೇ ನಮಗೆ ಮೊದಲು ಸಿಗುವುದು 367ರಲ್ಲಿ, ಈಜಿಪ್ಟಿನ ಅಲೆಕ್ಸಾಂಡ್ರಿಯದ ಬಿಷಪ್ ಅಥನೇಷಿಯಸ್ ಬರೆದ ಈಸ್ಟರ್ ಪತ್ರದಲ್ಲಿ. ಅಂದರೆ ಸಭೆ ಮುಗಿದು 42 ವರ್ಷ ಆದ ಮೇಲೆ.

ಇನ್ನು "ಬರೀ ಪ್ರವಾದಿ" ಅನ್ನುವ ಮಾತು. ಸುಮಾರು 112ರಲ್ಲಿ, ಈಗಿನ ಟರ್ಕಿಯ ಉತ್ತರ ಭಾಗದಲ್ಲಿ ಪ್ಲಿನಿ ಅಂತ ರೋಮಿನ ಅಧಿಕಾರಿ ಇದ್ದ. ಕ್ರೈಸ್ತರನ್ನು ಹಿಡಿದು ವಿಚಾರಣೆ ಮಾಡುತ್ತಿದ್ದವನು. ಅವನು ಚಕ್ರವರ್ತಿ ಟ್ರಾಜನ್‌ಗೆ ಬರೆದ ಪತ್ರ ಉಳಿದುಕೊಂಡಿದೆ. ಇವರು ಬೆಳಗಾಗುವ ಮುಂಚೆ ಸೇರುತ್ತಾರೆ, ಕ್ರಿಸ್ತನನ್ನು ದೇವರೆಂಬಂತೆ ಹಾಡಿ ಹೊಗಳುತ್ತಾರೆ ಅಂತ ಅದರಲ್ಲಿದೆ. ನೈಸೀಯಕ್ಕಿಂತ 200 ವರ್ಷ ಹಿಂದಿನದು ಇದು, ಬರೆದವನು ನಮ್ಮವನೂ ಅಲ್ಲ. ಪೂಜೆ ಮೊದಲು ಬಂತು, ಸಭೆ ಆಮೇಲೆ ಬಂತು. ನಿಮ್ಮ ಸಹೋದ್ಯೋಗಿಗೆ ಇದೊಂದನ್ನಾದರೂ ಹೇಳಿ.

ಹಾಗಾದರೆ ಜಗಳ ಯಾವುದಕ್ಕೆ? ಅಲೆಕ್ಸಾಂಡ್ರಿಯದಲ್ಲಿ ಏರಿಯಸ್ ಅಂತ ಪಾದ್ರಿ. ಅವನು ಕೂಡ ಯೇಸುವನ್ನು ಬರೀ ಮನುಷ್ಯ ಅನ್ನಲಿಲ್ಲ. ಲೋಕ ಹುಟ್ಟುವ ಮುಂಚೆಯೇ ಇದ್ದವನು, ಲೋಕ ಉಂಟಾಗಿದ್ದೇ ಅವನ ಮೂಲಕ, ಆದರೆ ತಂದೆಯೇ ಅವನನ್ನು ಉಂಟುಮಾಡಿದ್ದು, ಅವನು ಇಲ್ಲದಿದ್ದ ಒಂದು ಹೊತ್ತು ಇತ್ತು ಅಂದ. ಅವನ ಕೈಯಲ್ಲಿ ವಚನಗಳೂ ಇದ್ದವು. ಜ್ಞಾನೋಕ್ತಿ 8:22 ತೆಗೆದು ನೋಡಿ, ಯೋಹಾನ 14:28 ತೆಗೆದು ನೋಡಿ. ಸುಮ್ನೆ ತಳ್ಳಿಹಾಕುವಂಥ ವಾದ ಅಲ್ಲ ಅದು.

ನನಗೆ ಈ ಕಥೆಯಲ್ಲಿ ತುಂಬಾ ಮುಖ್ಯ ಅನ್ನಿಸುವ ಜಾಗ ಇದು. ಬಿಷಪ್‌ಗಳು ಬೈಬಲಿನ ಮಾತುಗಳಲ್ಲೇ ಬರೆಯಲು ನೋಡಿದರು. ಆದರೆ ಯಾವ ಮಾತು ಮುಂದಿಟ್ಟರೂ ಏರಿಯಸ್ ಕಡೆಯವರು ಅದಕ್ಕೆ ತಮ್ಮ ಅರ್ಥ ಹಚ್ಚಿ ಒಪ್ಪಿಕೊಳ್ಳುತ್ತಿದ್ದರು, ಒಬ್ಬರಿಗೊಬ್ಬರು ಪಿಸುಗುಟ್ಟುತ್ತಾ ಕಣ್ಸನ್ನೆ ಮಾಡುತ್ತಿದ್ದರು ಅಂತ ಅಥನೇಷಿಯಸ್ ಬರೆದಿದ್ದಾನೆ. ಕೊನೆಗೆ ಅವರು ಒಪ್ಪಲಾಗದ ಒಂದು ಪದ ಹುಡುಕಬೇಕಾಯಿತು. ಅದೇ ಹೊಮೊಊಸಿಯೋಸ್, ತಂದೆ ಮತ್ತು ಮಗ ಒಂದೇ ಸತ್ವ. ಬೈಬಲಿನಲ್ಲಿ ಇಲ್ಲದ ಪದ. ಸಹಿ ಹಾಕಿದವರಲ್ಲೂ ಅನೇಕರಿಗೆ ಅದು ಅಷ್ಟಾಗಿ ಹಿಡಿಸಲಿಲ್ಲ.

ಮುಂದೆ 350ರ ದಶಕದಲ್ಲಿ ರಾಜಿಗೆಂದು ಹೊಮೊಯೂಸಿಯೋಸ್ ಅಂತ ಇನ್ನೊಂದು ಪದ ತಂದರು. ಗ್ರೀಕ್‌ನಲ್ಲಿ ಒಂದೇ ಅಕ್ಷರ ಜಾಸ್ತಿ. ಕನ್ನಡದಲ್ಲಿ ಹೇಳುವುದಾದರೆ ಮೊದಲನೆಯದು "ಅದೇ", ಎರಡನೆಯದು "ಅಂಥದೇ". ಒಂದಕ್ಷರಕ್ಕೆ ಇಷ್ಟು ರಂಪ ಯಾಕೆ ಅಂತ ಕೇಳುತ್ತಾರೆ. ಚಿಕ್ಕಪೇಟೆಯಲ್ಲಿ ಒಡವೆ ಕೊಳ್ಳುವಾಗ ಅಂಗಡಿಯವರು "ಇದು ಚಿನ್ನ" ಅನ್ನುವುದಕ್ಕೂ "ಇದು ಚಿನ್ನದಂಥದ್ದು" ಅನ್ನುವುದಕ್ಕೂ ಎಷ್ಟು ವ್ಯತ್ಯಾಸ ಇದೆ ಅಲ್ವಾ, ಅಷ್ಟೇ ವ್ಯತ್ಯಾಸ ಇಲ್ಲೂ ಇದೆ. ನಾವು ಪ್ರಾರ್ಥಿಸುತ್ತಿರುವುದು ದೇವರಿಗೋ, ದೇವರು ಮಾಡಿದ ಒಂದು ದೊಡ್ಡ ಸೃಷ್ಟಿಗೋ? ಪ್ರಶ್ನೆ ಅದು.

ಓಟಿನ ವಿಷಯ: ಬಂದಿದ್ದವರು 250ರಿಂದ 318 ಅಂತ ಹಳಬರು ಬೇರೆ ಬೇರೆ ಲೆಕ್ಕ ಕೊಡುತ್ತಾರೆ. ಕೊನೆಯವರೆಗೂ ಸಹಿ ಹಾಕಲ್ಲ ಅಂದವರು ಇಬ್ಬರೇ ಬಿಷಪ್‌ಗಳು.

ಹೆಣ್ಣೂರು ಕ್ರಾಸ್:

ಮೇಷ್ಟ್ರೇ, ನೀವು ಹೇಳಿದ್ದು ಸರಿ. ಆದರೆ ಚಕ್ರವರ್ತಿಯನ್ನು ಬಿಟ್ಟುಬಿಟ್ಟಿರಿ. ಆ ಇಬ್ಬರನ್ನೂ ಏರಿಯಸ್‌ನನ್ನೂ ಗಡಿಪಾರು ಮಾಡಿದರು ಅನ್ನೋದನ್ನು ಸೇರಿಸಿ ಹೇಳಬೇಕು. ಚಕ್ರವರ್ತಿ ಕಾನ್‌ಸ್ಟಂಟೈನ್ ಸಭೆಯಲ್ಲೇ ಕೂತಿದ್ದ, ಅವನಿಗಿನ್ನೂ ದೀಕ್ಷಾಸ್ನಾನವೂ ಆಗಿರಲಿಲ್ಲ. ಸಭೆಗೆ ಮುಂಚೆ ಎರಡೂ ಕಡೆಯವರಿಗೆ ಪತ್ರ ಬರೆದು, ಇಷ್ಟು ಸಣ್ಣ ವಿಷಯಕ್ಕೆ ಯಾಕೆ ಕಿತ್ತಾಡುತ್ತೀರಿ ಅಂತ ಕೇಳಿದ್ದ. ಅವನಿಗೆ ಬೇಕಾಗಿದ್ದು ರಾಜ್ಯದಲ್ಲಿ ಒಗ್ಗಟ್ಟು.

ಆದರೆ ಮಗಳ ಪ್ರಶ್ನೆಗೆ ಉತ್ತರ ಇಲ್ಲೇ ಇದೆ ಅಂತ ನನಗೆ ಅನ್ನಿಸುತ್ತೆ. ಚಕ್ರವರ್ತಿಯ ಮಾತೇ ನಡೆಯುವುದಾಗಿದ್ದರೆ ಇವತ್ತು ನಾವೆಲ್ಲ ಏರಿಯಸ್ ಕಡೆಯವರಾಗಿರುತ್ತಿದ್ದೆವು. ಕೆಲವೇ ವರ್ಷಗಳಲ್ಲಿ ಕಾನ್‌ಸ್ಟಂಟೈನ್ ಮನಸ್ಸು ಬದಲಾಯಿಸಿ ಏರಿಯಸ್‌ನನ್ನು ವಾಪಸ್ ಕರೆಸಿದ. 337ರಲ್ಲಿ ಸಾಯುವ ಹೊತ್ತಿಗೆ ಅವನಿಗೆ ದೀಕ್ಷಾಸ್ನಾನ ಕೊಟ್ಟ ಬಿಷಪ್ ಕೂಡ ಏರಿಯಸ್‌ನ ಸ್ನೇಹಿತ. ಆಮೇಲೆ ಪಟ್ಟಕ್ಕೆ ಬಂದ ಮಗ ಕಾನ್‌ಸ್ಟಾಂಟಿಯಸ್ ನೈಸೀಯದ ವಿರುದ್ಧವೇ ನಿಂತ. ಅಥನೇಷಿಯಸ್ 45 ವರ್ಷ ಬಿಷಪ್ ಆಗಿದ್ದ, ಅದರಲ್ಲಿ ಸುಮಾರು 17 ವರ್ಷ ಗಡಿಪಾರಿನಲ್ಲೇ ಕಳೆದ, ಐದು ಸಲ. 359ರಲ್ಲಿ ಚಕ್ರವರ್ತಿ ಎರಡು ಕಡೆ ಸಭೆ ಕರೆದು "ಅದೇ" ಅನ್ನುವ ಪದವನ್ನೇ ತೆಗೆಸಿದ. ನೈಸೀಯಕ್ಕಿಂತ ಜಾಸ್ತಿ ಬಿಷಪ್‌ಗಳು ಸೇರಿದ್ದ ಸಭೆ ಅದು, ಆದರೂ ಅದರ ಮಾತು ಉಳಿಯಲಿಲ್ಲ.

ಸಭೆ ಬರೆದುಕೊಟ್ಟಿತು ಅಂತ ಜನ ನಂಬಿದ್ದಲ್ಲ. ಸಭೆ ಬರೆದದ್ದನ್ನು ಊರೂರಿನ ಚರ್ಚಿನ ಜನ ತಮ್ಮ ಪ್ರಾರ್ಥನೆಗೆ ಹೊಂದಿಸಿ ನೋಡಿದರು, ಎರಡು ತಲೆಮಾರು ಜಗಳ ಆಡಿದರು, ಆಮೇಲೆ ಇಟ್ಟುಕೊಂಡರು. ಆ ಕಾಲದ ಬಿಷಪ್ ಬೇಸಿಲ್ ವಾದ ಮಾಡಿದ್ದೂ ಹೀಗೇ. ನಾವು ತಂದೆ, ಮಗ, ಪವಿತ್ರಾತ್ಮ ಈ ಮೂವರ ಹೆಸರಿನಲ್ಲಿ ದೀಕ್ಷಾಸ್ನಾನ ಕೊಡುತ್ತೇವೆ, ಮೂವರಿಗೂ ಸ್ತೋತ್ರ ಹಾಡುತ್ತೇವೆ, ಹಾಗಿರುವಾಗ ಪವಿತ್ರಾತ್ಮನನ್ನು ಕೆಳಗೆ ಇಡುವುದು ಹೇಗೆ?

ಇನ್ನೊಂದು ವಿಷಯ. ನಿಮಗೆ ಬಾಯಿಪಾಠ ಇರುವುದು 325ರದ್ದು ಅಲ್ಲ ಮೇಡಂ. 325ರಲ್ಲಿ ಬರೆದದ್ದು "ಪವಿತ್ರಾತ್ಮನನ್ನೂ ನಂಬುತ್ತೇವೆ" ಅಂತ ಅಲ್ಲಿಗೇ ನಿಲ್ಲುತ್ತೆ, ಅದರ ಕೆಳಗೆ ಏರಿಯಸ್ ಮಾತನ್ನು ಖಂಡಿಸುವ ಸಾಲುಗಳಷ್ಟೇ. "ಜೀವ ಕೊಡುವವನು, ಪ್ರವಾದಿಗಳ ಮೂಲಕ ಮಾತಾಡಿದವನು" ಅನ್ನುವ ಅರ್ಥದ ಸಾಲುಗಳೆಲ್ಲ 381ರ ಕಾನ್‌ಸ್ಟಾಂಟಿನೋಪಲ್ ಸಭೆಯವು. ಆ ಹೊತ್ತಿಗೆ ಆ ಊರಿನ ಬೀದಿಯಲ್ಲೆಲ್ಲ ಇದೇ ಮಾತು. ಬೇಸಿಲ್‌ನ ತಮ್ಮ, ನಿಸ್ಸದ ಗ್ರೆಗೊರಿ ಹೇಳುತ್ತಾನೆ: ಬ್ರೆಡ್ಡಿಗೆ ಎಷ್ಟು ಅಂತ ಕೇಳಿದರೆ ತಂದೆ ದೊಡ್ಡವನು, ಮಗ ಚಿಕ್ಕವನು ಅನ್ನುತ್ತಾರೆ, ಸ್ನಾನಕ್ಕೆ ನೀರು ಕಾದಿದೆಯಾ ಅಂದರೆ ಮಗ ಶೂನ್ಯದಿಂದ ಉಂಟಾದವನು ಅನ್ನುತ್ತಾರೆ. ಬಿಷಪ್‌ಗಳಿಗೆ ಮಾತ್ರ ಸೇರಿದ ಜಗಳ ಆಗಿರಲಿಲ್ಲ ಇದು.

ಜಾಲಹಳ್ಳಿ:

ನಮ್ಮಪ್ಪ ಕೋಟ್ಟಯಂ ಕಡೆಯವರು, ನಾನು ಹುಟ್ಟಿ ಬೆಳೆದದ್ದು ಇಲ್ಲೇ. ನಮ್ಮದು ಮಲಂಕರ ಆರ್ಥೊಡಾಕ್ಸ್ ಸಭೆ. ನಾವು ಮೊದಲ ಮೂರು ಮಹಾಸಭೆಗಳನ್ನು (ನೈಸೀಯ, ಕಾನ್‌ಸ್ಟಾಂಟಿನೋಪಲ್, ಎಫೆಸ) ಮಾತ್ರ ಒಪ್ಪುತ್ತೇವೆ, ನಾಲ್ಕನೆಯದನ್ನು, ಅಂದರೆ 451ರ ಕಾಲ್ಸೆಡನ್ ಸಭೆಯನ್ನು, ಒಪ್ಪುವುದಿಲ್ಲ. ಶಾಲೆಯಲ್ಲಿ ಗೆಳೆಯರು "ನೀವು ಕ್ಯಾಥೊಲಿಕ್ಕಾ, ಪ್ರೊಟೆಸ್ಟೆಂಟಾ" ಅಂತ ಕೇಳಿದಾಗೆಲ್ಲ ಎರಡೂ ಅಲ್ಲ ಅಂತ ವಿವರಿಸಬೇಕಿತ್ತು, ಆ ವಿವರಣೆ 451ಕ್ಕೇ ಹೋಗಿ ನಿಲ್ಲುತ್ತಿತ್ತು.

431ರ ಎಫೆಸದಲ್ಲಿ ಮರಿಯಮ್ಮನನ್ನು ದೇವಮಾತೆ ಅನ್ನಬಹುದಾ ಅನ್ನೋದು ಪ್ರಶ್ನೆ. ಕಾನ್‌ಸ್ಟಾಂಟಿನೋಪಲ್‌ನ ಬಿಷಪ್ ನೆಸ್ಟೋರಿಯಸ್ "ಕ್ರಿಸ್ತನ ಮಾತೆ" ಅಂದರೆ ಸಾಕು ಅಂದ. ಅಲೆಕ್ಸಾಂಡ್ರಿಯದ ಬಿಷಪ್ ಸಿರಿಲ್ ಒಪ್ಪಲಿಲ್ಲ. ಆಕೆಯ ಮಡಿಲಲ್ಲಿದ್ದ ಕೂಸು ದೇವರೇ ಹೌದಾದರೆ ಆಕೆ ದೇವಮಾತೆಯೇ. ಪ್ರಶ್ನೆ ಮರಿಯಮ್ಮನದ್ದು ಅನ್ನಿಸಿದರೂ ಕೇಳಿದ್ದು ಕೂಸಿನ ಬಗ್ಗೆ. ಶಿವಾಜಿನಗರದ ಸಂತ ಮೇರಿ ಬಸಿಲಿಕಾದಲ್ಲಿ ಸೆಪ್ಟೆಂಬರ್ 8ಕ್ಕೆ ತೇರು ಎಳೆಯುವಾಗ ಜನ ಕೂಗುವ ಹೆಸರಿನ ಹಿಂದೆ ಈ ವಾದ ಇದೆ. ಆದರೆ ಆ ಸಭೆ ನಡೆದ ರೀತಿ ಚೆನ್ನಾಗಿರಲಿಲ್ಲ. ಅಂತಿಯೋಕ್ಯದ ಬಿಷಪ್‌ಗಳು ಬಂದು ಸೇರುವ ಮುಂಚೆಯೇ ಸಿರಿಲ್ ಸಭೆ ಶುರು ಮಾಡಿ, ಒಂದೇ ದಿನದಲ್ಲಿ ನೆಸ್ಟೋರಿಯಸ್‌ನನ್ನು ಇಳಿಸಿಬಿಟ್ಟ. ನಮ್ಮ ಸಭೆಗೆ ಸಿರಿಲ್ ದೊಡ್ಡ ಗುರು. ಆದರೂ ಇದನ್ನು ಹೇಳಬೇಕು.

ಆಮೇಲೆ 451ರ ಕಾಲ್ಸೆಡನ್. ಈಗಿನ ಇಸ್ತಾಂಬುಲ್‌ನ ಕಾಡಿಕೊಯ್. ಕ್ರಿಸ್ತ ಒಬ್ಬನೇ, ಎರಡು ಸ್ವಭಾವ, ದೇವರದ್ದೂ ಮನುಷ್ಯರದ್ದೂ. ಅವೆರಡೂ ಹೇಗೆ ಕೂಡಿವೆ ಅಂತ ಅವರು ಹೇಳಲಿಲ್ಲ, ಹೇಗಲ್ಲ ಅಂತ ಮಾತ್ರ ನಾಲ್ಕು ಪದದಲ್ಲಿ ಹೇಳಿದರು: ಬೆರೆಯದೆ, ಬದಲಾಗದೆ, ಒಡೆಯದೆ, ಅಗಲದೆ. ಹಾಲಿಗೆ ನೀರು ಬೆರೆತ ಹಾಗೂ ಅಲ್ಲ, ಪಾತ್ರೆಯಲ್ಲಿ ಎಣ್ಣೆ ನೀರು ಬೇರೆ ಬೇರೆ ನಿಂತ ಹಾಗೂ ಅಲ್ಲ. ಒಪ್ಪದವನಾದರೂ ಹೇಳುತ್ತೇನೆ, ಆ ನಾಲ್ಕು ಪದ ಬಹಳ ಎಚ್ಚರದಿಂದ ಆರಿಸಿದ್ದು.

ನಮ್ಮವರು ಯಾಕೆ ಒಪ್ಪಲಿಲ್ಲ ಅಂದರೆ "ಎರಡು ಸ್ವಭಾವ" ಅನ್ನೋದು ಅವರಿಗೆ "ಇಬ್ಬರು ಕ್ರಿಸ್ತರು" ಅಂತ ಕೇಳಿಸಿತು. ಈಜಿಪ್ಟಿನ ಕಾಪ್ಟರು, ಸಿರಿಯದವರು, ಅರ್ಮೇನಿಯದವರು, ಇಥಿಯೋಪಿಯದವರು ಎಲ್ಲ ಹೊರಗೆ ಉಳಿದರು. ಗ್ರೀಕ್‌ನಲ್ಲಿ ಒಂದು ಅರ್ಥ ಇರುವ ಪದ ಸಿರಿಯಕ್‌ಗೆ ಹೋದಾಗ ಇನ್ನೊಂದು ಅರ್ಥ ಆಗುತ್ತೆ. ಮನೆಯಲ್ಲಿ ಮಲಯಾಳ, ಬೀದಿಯಲ್ಲಿ ಕನ್ನಡ ಮಾತಾಡಿ ಬೆಳೆದ ನನಗೆ ಇದು ಬೇಗ ಅರ್ಥವಾಗುತ್ತೆ. 1500 ವರ್ಷ ಅಪಾರ್ಥದಲ್ಲಿ ಕಳೆದುಹೋಯಿತಲ್ಲ ಅಂತ ಸಂಕಟವಾಗುತ್ತೆ.

ಮಲ್ಲೇಶ್ವರ 8ನೇ ಕ್ರಾಸ್:

ನಾನು ಕ್ರೈಸ್ತನಲ್ಲ. ವೇದಾಂತ ಸ್ವಲ್ಪ ಓದಿಕೊಂಡಿದ್ದೇನೆ, ಅದಕ್ಕೇ ಈ ಒಂದಕ್ಷರದ ಮಾತು ನನ್ನನ್ನು ಹಿಡಿದು ನಿಲ್ಲಿಸಿತು. ಛಾಂದೋಗ್ಯದಲ್ಲಿ "ತತ್ತ್ವಮಸಿ", ಅದು ನೀನೇ ಅಂತ ಶಂಕರರು ಓದಿದರು. ಅದೇ ಸಾಲನ್ನು ಮಧ್ವಾಚಾರ್ಯರು "ಅತತ್ತ್ವಮಸಿ" ಅಂತ ಬಿಡಿಸಿದರು, ಅದು ನೀನಲ್ಲ. ಅಲ್ಲೂ ಒಂದೇ ಒಂದು "ಅ". ಅದರ ಮೇಲೆ ಎರಡು ದರ್ಶನಗಳೇ ನಿಂತಿವೆ.

ಆದರೆ ನಮ್ಮಲ್ಲಿ ಎಲ್ಲ ಮಠಗಳನ್ನೂ ಒಂದೇ ಕಡೆ ಕೂರಿಸಿ "ಇದೇ ಸರಿ, ಉಳಿದದ್ದು ಹೊರಗೆ" ಅಂತ ಎಲ್ಲರಿಗೂ ಅನ್ವಯಿಸುವ ಹಾಗೆ ಬರೆದುಕೊಟ್ಟ ಸಭೆ ಇಲ್ಲ. ಭಾಷ್ಯಗಳು ಅಕ್ಕಪಕ್ಕದಲ್ಲೇ ಉಳಿದವು. ಒಂದು ಪ್ರಶ್ನೆ: ಯೇಸುವನ್ನು ಅವತಾರ ಅಂತ ಅರ್ಥ ಮಾಡಿಕೊಂಡರೆ ತಪ್ಪಾಗುತ್ತದೆಯೇ?

ಲಿಂಗರಾಜಪುರದ ಮೇಷ್ಟ್ರು:

ಒಳ್ಳೆ ಪ್ರಶ್ನೆ ಸಾರ್. ಪದ ಹತ್ತಿರದ್ದು, ಆದರೆ ಎರಡು ಕಡೆ ಹೊಂದುವುದಿಲ್ಲ. ಅವತಾರ ಅಂದರೆ ಹಲವು ಸಲ ಇಳಿದು ಬರುವುದು, ಇಲ್ಲಿ ಒಂದೇ ಸಲ. ಇನ್ನೊಂದು, ಕೆಲಸ ಮುಗಿದ ಮೇಲೆ ಅವತಾರ ಮುಗಿಯುತ್ತೆ. ಸಭೆಗಳು ಹೇಳಿದ್ದು, ಆ ಮನುಷ್ಯತನವನ್ನು ಅವನು ಆಮೇಲೂ ಬಿಡಲಿಲ್ಲ ಅಂತ. "ಅಗಲದೆ" ಅನ್ನುವ ಪದಕ್ಕೆ ಅದೂ ಅರ್ಥ. 680ರಲ್ಲಿ ಶುರುವಾದ ಆರನೇ ಮಹಾಸಭೆಯಲ್ಲಿ ಅವನಿಗೆ ಮನುಷ್ಯನ ಇಚ್ಛೆಯೂ ಇತ್ತು ಅಂತ ಸೇರಿಸಿದರು. ಶಿಲುಬೆಗೆ ಏರುವ ಹಿಂದಿನ ರಾತ್ರಿ ಗೆತ್ಸೆಮನೆ ತೋಟದಲ್ಲಿ "ಈ ಪಾತ್ರೆ ನನ್ನಿಂದ ದೂರವಾಗಲಿ" ಅಂದಾಗ ಅವನು ಹೆದರಿದ್ದು ನಟನೆ ಅಲ್ಲ.

ಹೊರಗೆ ಹಾಕಿದರು ಅಂದಿರಲ್ಲ, ಅದು ನನ್ನನ್ನೂ ಕಾಡುತ್ತೆ. 381ರ ಸಭೆಗೆ ಸ್ವಲ್ಪ ದಿನ ಅಧ್ಯಕ್ಷನಾಗಿದ್ದು ಬಿಟ್ಟುಹೋದ ನಾಜಿಯಾನ್ಜಸ್‌ನ ಗ್ರೆಗೊರಿ, ಬಿಷಪ್‌ಗಳ ಯಾವ ಸಭೆಯೂ ಒಳ್ಳೆಯದರಲ್ಲಿ ಮುಗಿದದ್ದನ್ನು ನಾನು ಕಂಡಿಲ್ಲ ಅಂತ ಬರೆದ. ಪವಿತ್ರಾತ್ಮನ ಪರವಾಗಿ ಅಷ್ಟು ಗಟ್ಟಿಯಾಗಿ ಮಾತಾಡಿದವನೇ ಅವನು.

ಹಡ್ಸನ್ ಸರ್ಕಲ್‌ನವಳು:

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ಪ್ಲಿನಿಯ ಪತ್ರದ ವಿಷಯ ಸಹೋದ್ಯೋಗಿಗೆ ಹೇಳಿದೆ, ಅವರು ಓದುತ್ತೇನೆ ಅಂದರು. ಮಗಳು ಇಡೀ ಚರ್ಚೆ ಓದಿದಳು. ಅವಳದ್ದು ಈಗ ಹೊಸ ಪ್ರಶ್ನೆ: ಇಷ್ಟು ಸಭೆಗಳಲ್ಲಿ ಒಬ್ಬ ಹೆಂಗಸೂ ಇರಲಿಲ್ಲವಾ?

ಲಿಂಗರಾಜಪುರದ ಮೇಷ್ಟ್ರು:

ಮತ ಹಾಕುವ ಜಾಗದಲ್ಲಿ ಒಬ್ಬರೂ ಇರಲಿಲ್ಲ. ಆದರೆ ಮಗಳಿಗೆ ಎರಡು ಹೆಸರು ಕೊಡಿ. ಒಬ್ಬಳು ಪುಲ್ಕೇರಿಯ. 450ರಲ್ಲಿ ಅವಳ ತಮ್ಮ, ಚಕ್ರವರ್ತಿ ಥಿಯೊಡೋಸಿಯಸ್ ಕುದುರೆಯಿಂದ ಬಿದ್ದು ಸತ್ತ. ಅವಳು ಮಾರ್ಸಿಯನ್‌ನನ್ನು ಮದುವೆಯಾದಳು, ಅವನು ಪಟ್ಟಕ್ಕೆ ಬಂದ, ಮಾರನೆಯ ವರ್ಷವೇ ಕಾಲ್ಸೆಡನ್ ಸಭೆ ಸೇರಿತು. ಅಲ್ಲಿ ಬಿಷಪ್‌ಗಳು ಅವಳಿಗೆ ಜೈಕಾರ ಹಾಕಿದ್ದು ಸಭೆಯ ದಾಖಲೆಯಲ್ಲೇ ಇದೆ. ಇನ್ನೊಬ್ಬಳು ಮ್ಯಾಕ್ರಿನ, ಬೇಸಿಲ್ ಮತ್ತು ನಿಸ್ಸದ ಗ್ರೆಗೊರಿಯ ಅಕ್ಕ. ಅವಳು ಸಾಯುವಾಗ ಗ್ರೆಗೊರಿ ಪಕ್ಕದಲ್ಲಿ ಕೂತಿದ್ದ. ಆಮೇಲೆ ಅವಳ ಜೀವನ ಬರೆದ, ಆತ್ಮದ ಬಗ್ಗೆ ಬರೆದ ಪುಸ್ತಕದಲ್ಲಿ ಅವಳನ್ನು "ಗುರು" ಅಂತಲೇ ಕರೆದ.